ಗಂಧರಾಜ ಬೇಕಂದ್ರೆ ದೇವಿಮನೆ ಘಟ್ಟ ಹತ್ತಿ: ಬೋರ್ಡೇ ಇಲ್ಲದ ಒಂದು ನರ್ಸರಿಯ ರಿವ್ಯೂ

ಪೂರ್ತಿ ಓದೋಕೆ ಪುರುಸೊತ್ತಿಲ್ಲದವರಿಗೆ ಮೊದ್ಲೇ ಮಾರ್ಕ್ಸ್ ಹೇಳಿಬಿಡ್ತೀನಿ. ಗಿಡಕ್ಕೆ ಐದಕ್ಕೆ ಐದು, ಅವರು ಕೊಡೋ ಸಲಹೆಗೆ ನಾಲ್ಕು, ಬಾಕಿ ವ್ಯವಸ್ಥೆಗೆ ಎರಡು ಕೊಟ್ರೆ ಅದೇ ಹೆಚ್ಚು.

ಕುಮಟಾದಿಂದ ಶಿರಸಿಗೆ ಹೋಗೋ ರಸ್ತೇಲಿ ದೇವಿಮನೆ ಘಟ್ಟ ಹತ್ತಿ ಮುಗಿಸಿ, ಶಿರಸಿ ಪೇಟೆ ಮುಟ್ಟೋಕೆ ಮುಂಚೆ ಒಳರಸ್ತೆಗೆ ಸ್ವಲ್ಪ ದೂರ ಹೋದ್ರೆ ಒಂದು ಅಡಿಕೆ ತೋಟದ ಮನೆ, ದಣಪೆ (ಬೇಲಿ ಬಾಗಿಲು) ಪಕ್ಕ ಹಸಿರು ನೆರಳು ಬಲೆ ಕಟ್ಟಿದಾರೆ, ಅದೇ ನರ್ಸರಿ. ಬೋರ್ಡಿಲ್ಲ, ಹಾಗಾಗಿ ಹೆಸರು ಬರೆಯೋ ಪ್ರಶ್ನೆನೂ ಇಲ್ಲ. ಮ್ಯಾಪಲ್ಲಿ ಹುಡುಕಿದ್ರೂ ಸಿಗಲ್ಲ, ರಸ್ತೆ ಬದಿ ಚಾ ಅಂಗಡೀಲಿ "ಗಿಡ ಮಾರೋ ಮನೆ ಎಲ್ಲಿ" ಅಂತ ಕೇಳಿದ್ರೆ ಹೇಳ್ತಾರೆ. ಗಂಡ ಹೆಂಡತಿ ಇಬ್ರೇ ನಡೆಸೋದು, ಗಂಡ ಅಡಿಕೆ ಕಾಳುಮೆಣಸು ಸಸಿ ನೋಡ್ಕೋತಾರೆ, ಹೂವಿನ ಗಿಡದ್ದೆಲ್ಲ ಅಕ್ಕಂದೇ ಕಾರುಬಾರು. ನಾನು ಇಲ್ಲಿ ಬರೀತಿರೋದು ಗಂಧರಾಜದ ಬಗ್ಗೆ ಮಾತ್ರ, ಅವರ ಗುಲಾಬಿ ದಾಸವಾಳ ತಗೊಂಡಿಲ್ಲ, ಅದರ ಬಗ್ಗೆ ಕೇಳ್ಬೇಡಿ.

ಗಂಧರಾಜ ಅಂದ್ರೆ ಗಾರ್ಡೇನಿಯಾ, ನಮ್ಮ ಕಾರವಾರದ ಕೊಂಕಣಿ ಮನೆಗಳಲ್ಲಿ ಅನಂತ ಅಂತಾರಲ್ಲ ಅದೇ. ಬೆಳ್ಳಗೆ ಬೆಣ್ಣೆಮುದ್ದೆ ಥರ ಅರಳಿ ಎರಡು ಮೂರು ದಿನದಲ್ಲಿ ಹಳದಿಗೆ ತಿರುಗೋ ಹೂ. ಮಲ್ಲಿಗೆ ಥರ ದಂಡೆ ಕಟ್ಟೋಕಾಗಲ್ಲ, ಎಸಳಿಗೆ ಉಗುರು ತಾಗಿದ್ರೂ ಅಲ್ಲಿ ಕಂದು ಕಲೆ ಬೀಳುತ್ತೆ. ಭಟ್ಕಳ ಮಲ್ಲಿಗೆ ಥರ ಇದನ್ನ ಮೊಳದ ಲೆಕ್ಕದಲ್ಲಿ ಮಾರೋರು ಯಾಕಿಲ್ಲ ಅಂದ್ರೆ ಅದಕ್ಕೇ. ಮುಡಿಗೆ ಒಂದು, ದೇವರಿಗೆ ಒಂದು, ಅಷ್ಟಾದ್ರೆ ಆಯ್ತು, ಮನೆ ತುಂಬ ಪರಿಮಳ. ಹಾಗಾಗಿ ಈ ಹೂ ಬೇಕಂದ್ರೆ ಗಿಡಾನೇ ಸಾಕ್ಬೇಕು, ಬೇರೆ ದಾರಿಯಿಲ್ಲ.

ಇಷ್ಟು ದೂರ ಯಾಕೆ ಹೋಗ್ಬೇಕು, ಆನ್‌ಲೈನಲ್ಲಿ ಸಿಗಲ್ವಾ ಅಂತ ಕೇಳೋರಿಗೆ: ಸಿಗುತ್ತೆ, ಆದ್ರೆ ಏನು ಸಿಗುತ್ತೆ ಅನ್ನೋದು ಬೇರೆ ವಿಷ್ಯ. ಒಂದು ಆ್ಯಪಲ್ಲಿ (ಹೆಸರು ಬೇಡ) "ಕೇಪ್ ಜಾಸ್ಮಿನ್ ಡಬಲ್" (ಸುತ್ತುಸುತ್ತಿನ ಗಂಧರಾಜಕ್ಕೆ ಇಂಗ್ಲಿಷ್ ಹೆಸರು) ಅಂತ ಆರ್ಡರ್ ಮಾಡಿದ್ದಕ್ಕೆ ನಮ್ಮನೆಗೆ ಬಂದಿದ್ದು ಸುತ್ತುಸುತ್ತಿನ ನಂದಿಬಟ್ಟಲು. ನಂದಿಬಟ್ಟಲು ಕೆಟ್ಟ ಗಿಡ ಅಂತಲ್ಲ, ಪೂಜೆಗೆ ದಿನಾ ಬೇಕು, ಆದ್ರೆ ಅದು ಹಿತ್ತಲಲ್ಲಿ ಪುಕ್ಸಟ್ಟೆ ಟೊಂಗೆ ಮುರಿದು ನೆಟ್ರೆ ಬರೋ ಗಿಡ, ಅದಕ್ಕೆ ಮುನ್ನೂರು ಚಿಲ್ಲರೆ ಕೊಟ್ಟು ಕೊರಿಯರ್ ಚಾರ್ಜು ಬೇರೆ. ರಿಟರ್ನ್ ಕೇಳಿದ್ರೆ ಜೀವ ಇರೋ ಗಿಡ ವಾಪಸ್ ತಗೊಳ್ಳಲ್ಲ ಅಂತ ರೆಡಿಮೇಡ್ ಉತ್ತರ. ನಿಮಗೂ ಹೀಗಾಗದೆ ಇರ್ಲಿ ಅಂತ ಒಂದು ಪರೀಕ್ಷೆ ಹೇಳ್ತೀನಿ, ಹೂ ಇಲ್ದಿದ್ರೂ ಗೊತ್ತಾಗುತ್ತೆ: ಒಂದು ಎಲೆ ಕಿತ್ತು ನೋಡಿ, ತೊಟ್ಟಲ್ಲಿ ಬಿಳಿ ಹಾಲು ಬಂದ್ರೆ ಅದು ನಂದಿಬಟ್ಟಲು, ಗಂಧರಾಜಕ್ಕೆ ಹಾಲಿಲ್ಲ. ಆಮೇಲೆ ಗಂಧರಾಜದ ಎಲೆ ದಪ್ಪ, ಎಣ್ಣೆ ಸವರಿದಂಗೆ ಹೊಳೀತದೆ, ನರ ಎಲ್ಲ ಒಳಗೆ ಒತ್ತಿದ ಹಾಗಿರುತ್ತೆ, ಎಷ್ಟೋ ಸಲ ಒಂದು ಗೆಣ್ಣಲ್ಲಿ ಮೂರು ಮೂರು ಎಲೆ. ಕಾಫಿ ಗಿಡ ನೋಡಿದವರಿಗೆ ಇದನ್ನ ನೋಡಿದ ತಕ್ಷಣ ನೆಂಟಸ್ತಿಕೆ ಗೊತ್ತಾಗುತ್ತೆ, ಎರಡೂ ಒಂದೇ ಕುಟುಂಬ. ಮಲ್ಲಿಗೆಗೂ ಇದಕ್ಕೂ ಯಾವ ಸಂಬಂಧನೂ ಇಲ್ಲ. ಒಣಗಾಡಲ್ಲಿ ಬಿಕ್ಕೆ ಹಣ್ಣು ಬಿಡುತ್ತಲ್ಲ, ಆ ಬಿಕ್ಕೆ ಬೇಕಾದ್ರೆ ಇದರ ದಾಯಾದಿ.

ಇನ್ನು ಹೈವೇ ಬದಿ ಲಾರಿ ಗಿಡಗಳ ಕಥೆ. ಅವು ಸುಮಾರು ಆಂಧ್ರದ ಕಡಿಯಂ ಕಡೆಯಿಂದ ಬರ್ತವೆ, ನೋಡೋಕೆ ಚಂದ, ಗಿಡದ ತುಂಬ ಮೊಗ್ಗು. ಮನೆಗೆ ತಂದ ಮೇಲೆ ಮೊಗ್ಗು ಒಂದೊಂದೇ ಹಳದಿಯಾಗಿ ಉದುರುತ್ತೆ. ಅದು ಮಾರಿದವರ ಮೋಸ ಅಂತ ನಾನೇನೂ ಹೇಳಲ್ಲ, ಗಂಧರಾಜದ ಬುದ್ಧಿನೇ ಹಂಗೆ, ಮೊಗ್ಗಿದ್ದಾಗ ಜಾಗ ಬದಲಿಸಿದ್ರೆ, ಬಿಸಿಲು ನೀರು ಗಾಳಿಯ ತೇವ ಹೆಚ್ಚುಕಮ್ಮಿ ಆದ್ರೆ ಮೊಗ್ಗು ಬಿಟ್ಟುಬಿಡುತ್ತೆ. ಈ ನರ್ಸರಿ ಅಕ್ಕ ನನಗೆ ಮೊದಲು ಹೇಳಿದ ಮಾತೇ ಇದು, "ಹೂ ನೋಡಡಿ, ಬೇರು ನೋಡಿ," ಅಂದ್ರೆ ಹೂ ನೋಡ್ಬೇಡಿ ಅಂತ. ನಾವು ಘಟ್ಟದ ಕೆಳಗಿನವರು ಅಂತ ಗೊತ್ತಿದ್ರೂ ಅವರು ಹವ್ಯಕ ಮಾತು ಬಿಡಲ್ಲ, ನಮಗೂ ಅಡ್ಡಿಲ್ಲ.

ಬೇರು ನೋಡಿ ಅಂತ ಬಾಯಲ್ಲಿ ಹೇಳಿ ಸುಮ್ನಾಗಲ್ಲ ಅವರು, ಕೊಟ್ಟೆ (ಗಿಡ ಇರೋ ಪ್ಲಾಸ್ಟಿಕ್ ಚೀಲ) ಅಡಿಗೆ ಕೈ ಕೊಟ್ಟು ಗಿಡ ಬೋರಲು ಮಾಡಿ, ಮಣ್ಣು ಸಮೇತ ಜಾರಿಸಿ ತೋರಿಸ್ತಾರೆ. ಬೇರು ಬಿಳಿಯಾಗಿ ಮಣ್ಣಿನ ಅಂಚಿಗೆ ಬಂದಿರ್ಬೇಕು, ಆದ್ರೆ ಕೊಟ್ಟೆ ಒಳಗೇ ಸುತ್ತಿ ಸುತ್ತಿ ಸಿಂಬೆ ಆಗಿರಬಾರ್ದು, ಬೇರಲ್ಲಿ ಸಣ್ಣ ಸಣ್ಣ ಗಂಟಿದ್ರೆ ಜಂತುಹುಳದ ಕಾಟ, ಅದನ್ನ ಯಾರು ಪುಕ್ಸಟ್ಟೆ ಕೊಟ್ರೂ ತರ್ಬೇಡಿ, ಮನೆ ಮಣ್ಣೂ ಹಾಳಾಗುತ್ತೆ. ಹೀಗೆ ಗಿರಾಕಿ ಎದುರಿಗೆ ಕೊಟ್ಟೆ ಬಿಚ್ಚಿ ತೋರಿಸೋ ನರ್ಸರಿ ನಾನು ಬೇರೆ ನೋಡಿಲ್ಲ. ನಾನು ಐದಕ್ಕೆ ಐದು ಕೊಟ್ಟಿದ್ದು ಮುಖ್ಯವಾಗಿ ಇದಕ್ಕೆ.

ಎರಡನೇದು ಮಣ್ಣು. ಬೇರೆ ಕಡೆ ಎಲ್ಲ ಈಗ ಬರೀ ಕೋಕೋಪೀಟ್ ತುಂಬ್ತಾರೆ, ಹಗುರ ಆಗುತ್ತೆ, ಲಾರೀಲಿ ಸಾಗಿಸೋಕೆ ಸಸಾರ. ತೆಂಗಿನ ನಾರಿನ ಹುಡಿ ಸರಿಯಾಗಿ ತೊಳೀದಿದ್ರೆ ಅದರಲ್ಲಿ ಉಪ್ಪಿನಂಶ ಇರುತ್ತೆ, ಗಂಧರಾಜಕ್ಕೆ ಉಪ್ಪು ಆಗಲ್ಲ. ಮತ್ತೆ ಆ ಕೋಕೋಪೀಟ್ ಉಂಡೆನ ಹಾಗೇ ನಮ್ಮ ಕೆಂಪು ಮಣ್ಣಲ್ಲಿ ಇಟ್ರೆ ಬೇಸಿಗೇಲಿ ಸುತ್ತ ಮಣ್ಣು ಹಸಿ ಇದ್ರೂ ಉಂಡೆ ಒಳಗೆ ಒಣಗಿರುತ್ತೆ, ಬೇರು ಹೊರಗೆ ಬರೋಕೇ ಕೇಳಲ್ಲ. ಇಲ್ಲಿ ಹಂಗಲ್ಲ, ಬೆಟ್ಟದ ಕೆಂಪು ಮಣ್ಣು, ಕೊಳೆತ ದರಕು (ಉದುರಿದ ಒಣ ಎಲೆ), ಸ್ವಲ್ಪ ಹಳೇ ಹಟ್ಟಿಗೊಬ್ಬರ, ಅಷ್ಟೇ. ಅದೇ ಮಣ್ಣು ಘಟ್ಟದ ಕೆಳಗೆ ನಮ್ಮಲ್ಲೂ ಇರೋದ್ರಿಂದ ಗಿಡಕ್ಕೆ ಹೊಸ ಜಾಗ ಅನ್ನಿಸಲ್ಲ. ಗಂಧರಾಜಕ್ಕೆ ಹುಳಿ ಮಣ್ಣೇ ಬೇಕು, ಪಿಎಚ್ (ಹುಳಿಯ ಅಳತೆ, ಕಮ್ಮಿ ಇದ್ದಷ್ಟೂ ಹುಳಿ ಜಾಸ್ತಿ) 5ರಿಂದ 6.5ರ ಒಳಗಿದ್ರೆ ಖುಷಿ, 7 ದಾಟಿದ್ರೆ ಮಣ್ಣಲ್ಲಿ ಕಬ್ಬಿಣ ಎಷ್ಟಿದ್ರೂ ಗಿಡಕ್ಕೆ ಎಳ್ಕೊಳ್ಳೋಕೆ ಬರಲ್ಲ, ಹೊಸ ಎಲೆ ಹಳದಿ, ನರ ಮಾತ್ರ ಹಸಿರು. ನಮ್ಮ ಜಂಬಿಟ್ಟಿಗೆ ಮಣ್ಣು ಹುಟ್ಟಾ ಹುಳಿ, ಜೋರು ಮಳೆ ಸುಣ್ಣದಂಶ ಎಲ್ಲ ತೊಳ್ಕೊಂಡು ಹೋಗಿರುತ್ತೆ. ಅಂದ್ರೆ ಉತ್ತರ ಕನ್ನಡದವರು ಈ ಗಿಡಕ್ಕೆ ಮಾಡೋ ದೊಡ್ಡ ಉಪಕಾರ ಏನಂದ್ರೆ ಮಣ್ಣಿಗೆ ಏನೂ ಮಾಡದೆ ಇರೋದು.

ಆದ್ರೆ ಸುಮ್ನಿರಲ್ಲ ನಾವು. ಅಡಿಕೆ ತೋಟಕ್ಕೆ ಹುಳಿ ಕಳೀಲಿ ಅಂತ ಸುಣ್ಣ ಹಾಕಿ ಅಭ್ಯಾಸ, ಹೂವಿನ ಗಿಡಕ್ಕೂ ಒಂದು ಮುಷ್ಟಿ ಎರಚ್ತೀವಿ. ಬಚ್ಚಲೊಲೆ ಬೂದಿ ಇದೆಯಲ್ಲ, ಅದು ಹಿತ್ತಲ ಎಲ್ಲ ಗಿಡದ ಬುಡಕ್ಕೂ ಹೋಗ್ಲೇಬೇಕು, ಬಸಳೆಗೆ ಸರಿ, ಗಂಧರಾಜಕ್ಕೆ ವಿಷ ಅಂತ್ಲೇ ಇಟ್ಕೊಳ್ಳಿ, ಬೂದಿನೂ ಸುಣ್ಣದ ಕೆಲಸಾನೇ ಮಾಡೋದು. ಯೂಟ್ಯೂಬ್ ನೋಡಿ ಮೊಟ್ಟೆ ಸಿಪ್ಪೆ ಪುಡಿ ಹಾಕೋರು ಬೇರೆ. ಅಡಿಕೆ ಕೊಳೆರೋಗಕ್ಕೆ ಬೋರ್ಡೋ ದ್ರಾವಣ ಹೊಡೆಯುವಾಗಲೂ ಅಷ್ಟೇ, ಅದರಲ್ಲಿ ಮೈಲುತುತ್ತದ ಜೊತೆ ಸುಣ್ಣ ಇದೆ, ತೋಟದ ಅಂಚಲ್ಲಿ ಗಂಧರಾಜ ಇದ್ರೆ ಮೇಲೊಂದು ಪ್ಲಾಸ್ಟಿಕ್ ಹೊದೆಸಿ. ಈ ಅಕ್ಕ ಗಿಡ ಕೊಡುವಾಗ ಸುಣ್ಣ ಬೂದಿ ಎರಡೂ ಹಾಕಬೇಡಿ ಅಂತ ಸ್ಪಷ್ಟವಾಗಿ ಹೇಳ್ತಾರೆ. ಹೇಳಿ ಮುಗಿಸೋ ಹೊತ್ತಿಗೆ ಗಂಡ ಆ ಕಡೆಯಿಂದ "ಒಂಚೂರು ಸುಣ್ಣ ಹಾಕಿರೆ ಎಂತದೂ ಆಗ್ತಿಲ್ಲೆ" ಅಂತಾರೆ. ಅಕ್ಕನ ಮಾತೇ ಕೇಳಿ. ಸಲಹೆಗೆ ಒಂದು ಮಾರ್ಕು ಕಟ್ ಆಗಿದ್ದು ಈ ಮನುಷ್ಯನಿಂದ.

ಕಾರವಾರದಲ್ಲಿ ನೆಡೋರಿಗೆ ಬೇರೆ ಥರದ ತೊಂದ್ರೆ ಇದೆ, ಅದನ್ನ ಶಿರಸಿಯವರು ಹೇಳಲ್ಲ ಯಾಕಂದ್ರೆ ಅವರಿಗೆ ಅದು ಇಲ್ಲ. ಒಂದು, ಸಮುದ್ರದ ಉಪ್ಪು ಗಾಳಿ. ಬೀಚಿಗೆ ಮುಖ ಮಾಡಿದ ಮನೆಯಾದ್ರೆ ಮುಂದಿನ ಅಂಗಳದಲ್ಲಿ ಗಂಧರಾಜ ಆಸೆ ಬಿಟ್ಟುಬಿಡಿ, ಮನೆ ಹಿಂದೆ, ಗಾಳಿ ಮರೇಲಿ ಇಡಿ, ಇಲ್ದಿದ್ರೆ ಎಲೆ ಅಂಚು ಸುಟ್ಟಂಗಾಗುತ್ತೆ. ಎರಡು, ಕಾಳಿ ನದಿ ಅಳಿವೆ ಹತ್ತಿರದ ಬಾವಿಗಳಲ್ಲಿ ಏಪ್ರಿಲ್ ಮೇನಲ್ಲಿ ನೀರು ಸವಳಾಗುತ್ತೆ, ನಾವು ಕುಡಿಯೋಕೆ ಬೇರೆ ನೀರು ತರ್ತೀವಿ, ಗಿಡಕ್ಕೆ ಮಾತ್ರ ಅದನ್ನೇ ಹೊಯ್ತೀವಿ. ಮೂರು, ಸಿಮೆಂಟ್ ಕಂಪೌಂಡ್. ಹೊಸ ಮನೆ ಕಟ್ಟಿದ ಜಾಗದಲ್ಲಿ ಗೋಡೆ ಬುಡಕ್ಕೆ ಗಿಲಾಯಿ ಮಾಡಿ ಉಳಿದ ಸಿಮೆಂಟು, ಜಲ್ಲಿ, ಹಳೇ ಮನೆ ಕೆಡವಿದ್ದಾದ್ರೆ ಚಿಪ್ಪಿಸುಣ್ಣದ ಗಾರೆ ಎಲ್ಲ ಮುಚ್ಚಿ ಮೇಲೊಂದು ಪದರ ಕೆಂಪು ಮಣ್ಣು ಹಾಕಿರ್ತಾರೆ. ಅಲ್ಲಿ ನೆಟ್ಟ ಗಂಧರಾಜ ಮೊದಲ ವರ್ಷ ಚೆನ್ನಾಗೇ ಇರುತ್ತೆ, ಬೇರು ಕೆಳಗೆ ಇಳಿದ ಮೇಲೆ ಹಳದಿ ತಿರುಗುತ್ತೆ. ಆಗ ಎಲ್ಲರೂ ನರ್ಸರಿಯವರನ್ನ ಬೈತಾರೆ. ಅಂಥ ಜಾಗ ಇದ್ರೆ ಎರಡಡಿ ಗುಂಡಿ ತೋಡಿ ಎಲ್ಲ ತೆಗೆದು ಬೇರೆ ಮಣ್ಣು ತುಂಬಿ, ಅಥವಾ ದೊಡ್ಡ ಮಣ್ಣಿನ ಕುಂಡದಲ್ಲೇ ಇಟ್ಕೊಳ್ಳಿ, ಕುಂಡದಲ್ಲೂ ಚೆನ್ನಾಗೇ ಬರುತ್ತೆ.

ಅವರ ಹತ್ರ ಮೂರು ಥರ ಇದೆ. ದೊಡ್ಡ ಡಬಲ್, ಆಳೆತ್ತರ ಹೋಗುತ್ತೆ, ಹೂ ಅಂಗೈ ತುಂಬ. ಆಮೇಲೆ ಕುಳ್ಳ ಜಾತಿ, ಸಣ್ಣ ಎಲೆ, ನೆಲಕ್ಕೆ ಹರಡ್ಕೊಂಡು ಮೊಣಕಾಲೆತ್ತರನೂ ದಾಟಲ್ಲ, ಹೂನೂ ಸಣ್ಣದು ಆದ್ರೆ ಪರಿಮಳ ಅಷ್ಟೇ. ಮೂರನೇದು ಒಂಟಿ ಸುತ್ತಿಂದು, ಆರೆಸಳು, ಇದನ್ನ ಯಾರೂ ಕೇಳಲ್ವಂತೆ. ನನಗೆ ಅದೇ ಇಷ್ಟ ಆಯ್ತು. ಮಳೇಲಿ ದೊಡ್ಡ ಡಬಲ್ ಹೂ ನೀರು ಕುಡಿದು ಕೊಳೆತು ಟೊಂಗೇಲೇ ಕಂದಾಗಿ ನೇತಾಡುತ್ತೆ, ಒಂಟಿ ಸುತ್ತಿಂದಕ್ಕೆ ನೀರು ನಿಲ್ಲಲ್ಲ. ಕಾರವಾರದಲ್ಲಿ ವರ್ಷಕ್ಕೆ 3000 ಮಿ.ಮೀ. ಆಸುಪಾಸು ಬೀಳೋ ಮಳೇಲಿ ಅದು ಸಣ್ಣ ವಿಷ್ಯ ಅಲ್ಲ. ಮತ್ತೆ ಒಂಟಿ ಸುತ್ತಿನದು ಕಾಯಿ ಕಟ್ಟುತ್ತೆ, ಏಣು ಏಣಾದ ಕಿತ್ತಳೆ ಬಣ್ಣದ ಕಾಯಿ. ಈ ಗಿಡದ ಮೂಲ ಊರಾದ ಚೀನಾ ಕಡೆ ಆ ಕಾಯಿಂದ ಹಳದಿ ಬಣ್ಣ ತೆಗೀತಾರೆ, ಕೇಸರಿಯಲ್ಲಿರೋ ಬಣ್ಣದ ವಸ್ತುನೇ ಇದರಲ್ಲೂ ಇರೋದು.

ರೇಟು: ಸಣ್ಣ ಕೊಟ್ಟೆ ಗಿಡ 80 ರೂಪಾಯಿ, ಸೊಂಟದೆತ್ತರದ್ದು 350. ನನ್ನ ಕೇಳಿದ್ರೆ 80ರದ್ದೇ ತಗೊಳ್ಳಿ. ಸಣ್ಣ ಗಿಡ ಬೇಗ ಹೊಂದ್ಕೊಳ್ಳುತ್ತೆ, ಘಟ್ಟದ ತಿರುವಲ್ಲಿ ಕಾರೊಳಗೆ ಬಿದ್ದು ಟೊಂಗೆ ಮುರಿಯೋ ಭಯನೂ ಇಲ್ಲ. ಜೂನಲ್ಲಿ ಮೃಗಶಿರ ಹಿಡಿದು ಎರಡು ಮಳೆ ಬಿದ್ದ ಮೇಲೆ ನೆಟ್ರೆ ಸಾಕು. ಗುಂಡೀಲಿ ನೀರು ನಿಲ್ಲೋ ಜಾಗ ಬೇಡ, ಮಣ್ಣು ಸ್ವಲ್ಪ ದಿಬ್ಬ ಮಾಡಿ ಕೊಟ್ಟೇಲಿ ಎಷ್ಟು ಆಳ ಇತ್ತೋ ಅಷ್ಟೇ ಆಳ ಇಡಿ, ಬುಡ ಹೂಳ್ಬೇಡಿ. ಬೆಳಗ್ಗಿನ ಬಿಸಿಲು, ಮಧ್ಯಾಹ್ನದ ಮೇಲೆ ನೆರಳು. ಬುಡಕ್ಕೆ ದರಕು ಮುಚ್ಚಿ, ಗಿಡದ ಸುತ್ತ ಅಗೆಯೋದೇ ಬೇಡ, ಬೇರೆಲ್ಲ ಮೇಲ್ಗಡೆನೇ ಇರೋದು.

ಅವರೇ ಒಂದು ಗೊಬ್ಬರದ ಪೊಟ್ಟಣ ಮಾರ್ತಾರೆ, ಬೇವಿನ ಹಿಂಡಿ, ಅಮೋನಿಯಂ ಸಲ್ಫೇಟ್, ಸ್ವಲ್ಪ ಅನ್ನಭೇದಿ (ಕಬ್ಬಿಣದ ಸಲ್ಫೇಟ್) ಸೇರಿಸಿದ್ದಂತೆ. ಕಿಲೋಕ್ಕೆ 60. ಕೆಲಸ ಮಾಡುತ್ತೆ, ನಮ್ಮನೆ ಗಿಡದ ಹೊಸ ಎಲೆಗೆ ಬಣ್ಣ ಬಂತು, ಆದ್ರೆ ಪೊಟ್ಟಣದ ಮೇಲೆ ಯಾವುದು ಎಷ್ಟಿದೆ ಅಂತ ಬರೆದಿಲ್ಲ, ಗಿಡಕ್ಕೆ ಎಷ್ಟು ಹಾಕೋದು ಅಂತನೂ ಇಲ್ಲ, ಕೇಳಿದ್ರೆ "ಒಂದು ಚಮಚ ಅಂದಾಜಿಗೆ" ಅಂತಾರೆ. ಯಾರ ಮನೆ ಚಮಚ? ಗೊಬ್ಬರ ಜಾಸ್ತಿ ಆದ್ರೆ ಗಂಧರಾಜದ ಬೇರು ಸುಡುತ್ತೆ, ಇದನ್ನ ಅವರು ಸರಿ ಮಾಡ್ಲೇಬೇಕು. ಸವಳು ನೀರು, ಸಿಮೆಂಟ್ ಮಣ್ಣು ಇರೋರಿಗೆ ಅನ್ನಭೇದಿನೂ ಸಾಲದು, ಅದು ಸುಣ್ಣದ ಮಣ್ಣಲ್ಲಿ ಬೇಗ ಗಟ್ಟಿಯಾಗಿ ಕೂತುಬಿಡುತ್ತೆ. ಗೊಬ್ಬರದ ಅಂಗಡೀಲಿ ಐರನ್ ಚಿಲೇಟ್ ಅಂತ ಕೇಳಿ, ಇಡಿಟಿಎ ಅಂತಿರೋದಕ್ಕಿಂತ ಇಡಿಡಿಎಚ್‌ಎ ಅಂತಿರೋದು ಅಂಥ ಮಣ್ಣಿಗೆ ಸರಿ, ರೇಟು ಮಾತ್ರ ಜಾಸ್ತಿ. ಇನ್ನೊಂದು, ಎಲ್ಲ ಹಳದಿನೂ ಕಬ್ಬಿಣದ ಕೊರತೆ ಅಲ್ಲ. ಮಳೆಗಾಲ ಮುಗಿದ ಮೇಲೆ ಹಳೇ ಎಲೆ ಹಳದಿಯಾದ್ರೆ ಅದು ಮೆಗ್ನೀಸಿಯಂ ತೊಳೆದು ಹೋಗಿದ್ದಿರ್ಬಹುದು, ಒಂದು ಲೀಟರ್ ನೀರಿಗೆ ಒಂದು ಟೀ ಚಮಚ ಎಪ್ಸಮ್ ಸಾಲ್ಟ್ ಹಾಕಿ ಕೊಡಿ. ಎರಡೋ ಮೂರೋ ಹಳೇ ಎಲೆ ಉದುರೋದು ಎಲ್ಲ ಗಿಡಕ್ಕೂ ಇದ್ದಿದ್ದೇ, ಅದಕ್ಕೆ ಔಷಧ ಹುಡುಕ್ಬೇಡಿ.

ಒಂದು ವಿಷ್ಯದಲ್ಲಿ ಅಕ್ಕ ಗಿರಾಕಿಗೆ ಪೂರ್ತಿ ಹೇಳಲ್ಲ ಅನ್ನೋದು ನನ್ನ ತಕರಾರು. ಅವರ ಮನೆ ಮುಂದಿನ ತಾಯಿಗಿಡ ನೋಡಿದ್ರೆ ಎಲೆಗಿಂತ ಹೂ ಜಾಸ್ತಿ, ಅದನ್ನ ತೋರಿಸಿ ಮಾರ್ತಾರೆ. ಕಾರವಾರಕ್ಕೆ ತಂದ್ರೆ ಅಷ್ಟು ಹೂ ಬರಲ್ಲ. ಗಂಧರಾಜ ಮೊಗ್ಗು ಕಟ್ಟೋಕೆ ರಾತ್ರಿ ಸ್ವಲ್ಪ ತಂಪಿರ್ಬೇಕು, 15ರಿಂದ 18 ಡಿಗ್ರಿ ಆದ್ರೆ ಬಹಳ ಒಳ್ಳೇದು, ಘಟ್ಟದ ಮೇಲೆ ಚಳಿಗಾಲದಲ್ಲಿ ಅದು ಆರಾಮಾಗಿ ಸಿಗುತ್ತೆ, ಸಮುದ್ರದ ಪಕ್ಕ ಅಷ್ಟು ತಂಪಿನ ರಾತ್ರಿ ಎಲ್ಲಿಂದ ತರೋದು. ಬರೋ ಹೂವಿಗೆ ಪರಿಮಳ ಏನೂ ಕಮ್ಮಿ ಇಲ್ಲ, ಸಂಖ್ಯೆ ಕಮ್ಮಿ ಅಷ್ಟೇ. ಇದನ್ನ ಮೊದ್ಲೇ ಹೇಳಿದ್ರೆ ಯಾರೂ ತಗೊಳ್ಳದೆ ಹೋಗಲ್ಲ. ನಾನಂತೂ ತಗೋತಿದ್ದೆ.

ಹುಳದ ಕಾಟ ಇದ್ದಿದ್ದೇ. ಎಲೆ ಅಡಿಗೆ ಬಿಳಿ ಹಿಟ್ಟು ತಿಗಣೆ, ಅದು ಸುರಿಸೋ ಸಿಹಿ ಅಂಟಿಗೆ ಇರುವೆ ಸಾಲು, ಆ ಅಂಟಿನ ಮೇಲೆ ಕಪ್ಪು ಮಸಿ ಥರ ಬೂಷ್ಟು. ಜನ ಕಪ್ಪು ನೋಡಿ ಗಾಬರಿಯಾಗಿ ಎಲೆ ಕೀಳ್ತಾರೆ, ತಿಗಣೆ ಹೋದ್ರೆ ಮಸಿ ತಾನೇ ಹೋಗುತ್ತೆ. ಬೇವಿನೆಣ್ಣೆ ಲೀಟರಿಗೆ 5 ಮಿಲಿ, ಎರಡು ಹನಿ ಸೋಪು, ಸಂಜೆ ಹೊತ್ತು ಎಲೆ ಅಡಿಗೆ ಬೀಳೋ ಹಾಗೆ ಸ್ಪ್ರೇ. ನರ್ಸರಿ ಗಿಡದಲ್ಲೂ ನಾನು ಒಂದರಲ್ಲಿ ತಿಗಣೆ ನೋಡಿದೆ, ಹೇಳಿದ ತಕ್ಷಣ ಬೇರೆ ಗಿಡ ಕೊಟ್ರು, ಮುಖ ಸಿಂಡರಿಸಲಿಲ್ಲ. ಕತ್ತರಿಸೋದು ಹೂವಿನ ಭರಾಟೆ ಇಳಿದ ಕೂಡ್ಲೇ, ಚೌತಿ ಆಸುಪಾಸಿಗೆ ಮುಗಿಸಿ. ಜನವರೀಲಿ ಶೇಪ್ ಮಾಡೋಕೆ ಹೋದ್ರೆ ಮುಂದಿನ ಮೊಗ್ಗನ್ನೇ ಕತ್ತರಿಸಿ ಎಸೆದಂಗೆ. ಕತ್ತರಿಸಿದ ಅರೆಬಲಿತ ಟೊಂಗೆ ಬಿಸಾಡ್ಬೇಡಿ, ಒಂದು ಗೇಣು ತುಂಡು ಮಾಡಿ ಮರಳು ಮಣ್ಣಲ್ಲಿ ನೆರಳಲ್ಲಿಟ್ರೆ ಬೇರು ಬರುತ್ತೆ, ಎಲ್ಲ ಬರಲ್ಲ, ಕೆಲವು ಬರುತ್ತೆ. ಹಿಂಗಂತ ಹೇಳಿಕೊಟ್ಟಿದ್ದೂ ಆ ಅಕ್ಕನೇ, ತನ್ನ ವ್ಯಾಪಾರ ತಾನೇ ಕಮ್ಮಿ ಮಾಡ್ಕೊಳ್ಳೋ ನರ್ಸರಿ.

ಎರಡು ಮಾರ್ಕು ಯಾಕೆ ಅಂದ್ನಲ್ಲ. ಫೋನ್ ಎತ್ತಲ್ಲ, ತೋಟಕ್ಕೆ ಇಳಿದ್ರೆ ನೆಟ್‌ವರ್ಕ್ ಇರಲ್ಲ. ಗೂಗಲ್ ಪೇ ಸ್ಕ್ಯಾನರ್ ಗೋಡೆಗೆ ಅಂಟಿಸಿದಾರೆ, ಆದ್ರೆ ನಿಮ್ಮ ಫೋನಲ್ಲಿ ಸಿಗ್ನಲ್ ಇಲ್ದೇ ಅದು ಬರೀ ಚಿತ್ರ. ಗಿಡಗಳಿಗೆ ಲೇಬಲ್ಲಿಲ್ಲ, ಹೂ ಇಲ್ಲದ ಕಾಲದಲ್ಲಿ ಕುಳ್ಳ ಜಾತಿದೂ ದೊಡ್ಡದರ ಸಣ್ಣ ಸಸಿನೂ ಒಂದೇ ಸಾಲಲ್ಲಿಟ್ಟಿರ್ತಾರೆ, ಎಲೆ ಅಳತೆ ನೋಡಿ ನೀವೇ ಆರಿಸ್ಬೇಕು, ಅಕ್ಕ ಮನೇಲಿಲ್ದಿದ್ರೆ ಗಂಡನಿಗೆ ವ್ಯತ್ಯಾಸ ಗೊತ್ತಿಲ್ಲ. ಕೊರಿಯರ್ ಮಾಡಲ್ಲ, ಶಿರಸಿ ಬಸ್‌ಸ್ಟ್ಯಾಂಡಿಗೆ ತಂದು ಕೊಡ್ತೀರಾ ಅಂದ್ರೂ ಇಲ್ಲ. ಕಾರು ತಿರುಗಿಸೋಕೆ ಜಾಗ ಕಮ್ಮಿ, ಮಳೆಗಾಲದಲ್ಲಿ ಆ ಒಳರಸ್ತೆ ಕೆಸರು. ಮಧ್ಯಾಹ್ನ ಊಟ ಆಗಿ ಮಲಗೋ ಹೊತ್ತಿಗೆ ಹೋದ್ರೆ ನಾಯಿ ಮಾತ್ರ ಎದುರುಗೊಳ್ಳುತ್ತೆ, ಕಟ್ಟಿರಲ್ಲ ಅದನ್ನ. ಬೆಳಗ್ಗೆ ಹತ್ತರೊಳಗೆ ಹೋಗಿ, ಚಿಲ್ಲರೆ ಇಟ್ಕೊಂಡು ಹೋಗಿ, ಒಂಟಿ ಸುತ್ತಿಂದು ಹಿಂದ್ಗಡೆ ಕೊಟ್ಟಿಗೆ ಪಕ್ಕ ಇಟ್ಟಿರ್ತಾರೆ, ಕೇಳದೆ ತೋರಿಸಲ್ಲ.